ಸಾಲಿಗ್ರಾಮದ ಚಕ್ರದಲ್ಲಿ ಬ್ಲಾನ್‌ಫರ್ಡಿಸೆರಾಸ್ ಇದೆಯೇ? ಕಲ್ಲಿಗೆ ಹಾನಿಯಾಗದಂತೆ ಗುರುತಿಸುವ ಕ್ರಮ

ಕರ್ನಾಟಕದ ಅನೇಕ ಮನೆಗಳ ದೇವರ ಪೆಟ್ಟಿಗೆಯಲ್ಲಿ ತಲೆಮಾರುಗಳಿಂದ ಪೂಜೆಗೊಳ್ಳುತ್ತಿರುವ ಸಾಲಿಗ್ರಾಮಗಳಿವೆ. ಅವುಗಳಲ್ಲಿ ಚಕ್ರವಿರುವ ಬಹುಪಾಲು ಕಲ್ಲುಗಳು ನೇಪಾಳದ ಕಾಳಿ ಗಂಡಕಿ ಕಣಿವೆಯಿಂದ ಬಂದವು. ಆ ಚಕ್ರವು ಅಮೋನೈಟ್ ಎಂಬ, ಈಗ ಅಳಿದುಹೋಗಿರುವ ಸಮುದ್ರಜೀವಿಯ ಸುರುಳಿ ಚಿಪ್ಪಿನ ಗುರುತು. ಆದರೆ ಎಲ್ಲ ಚಕ್ರಗಳೂ ಒಂದೇ ಪ್ರಾಣಿಯವಲ್ಲ. ಆ ಕಣಿವೆಯ ಕಪ್ಪು ಕಲ್ಲಿನಲ್ಲಿ ಹಲವು ಕುಲದ (ಹತ್ತಿರದ ಪ್ರಭೇದಗಳ ಗುಂಪಿಗೆ ಜೀವಶಾಸ್ತ್ರದಲ್ಲಿ ಕುಲ ಎನ್ನುತ್ತಾರೆ) ಅಮೋನೈಟ್‌ಗಳಿದ್ದು, ಅವುಗಳಲ್ಲಿ ಹೆಚ್ಚಾಗಿ ಸಿಗುವವುಗಳ ಪೈಕಿ ಬ್ಲಾನ್‌ಫರ್ಡಿಸೆರಾಸ್ ಒಂದು. ನಿಮ್ಮ ಕೈಯಲ್ಲಿರುವುದು ಅದೇ ಹೌದೋ ಅಲ್ಲವೋ ಎಂಬುದನ್ನು ಕಲ್ಲನ್ನು ಒಡೆಯದೆ, ಗೀರದೆ, ಯಾವ ರಾಸಾಯನಿಕವನ್ನೂ ಹಚ್ಚದೆ ತಿಳಿಯುವ ಕ್ರಮವನ್ನು ಇಲ್ಲಿ ವಿವರಿಸಲಾಗಿದೆ. ನೋಡುವವರು ಸಾಮಾನ್ಯವಾಗಿ ಸುರುಳಿಯ ಮುಖವನ್ನಷ್ಟೇ ನೋಡಿ ತೀರ್ಮಾನಿಸುತ್ತಾರೆ. ಆದರೆ ಈ ಕುಲವನ್ನು ಉಳಿದವುಗಳಿಂದ ಬೇರ್ಪಡಿಸುವ ಗುರುತು ಇರುವುದು ಸುರುಳಿಯ ಹೊರ ಅಂಚಿನಲ್ಲಿ, ಗಾಡಿಯ ಚಕ್ರಕ್ಕೆ ಕಬ್ಬಿಣದ ಪಟ್ಟಿ ಹಾಕುವ ಜಾಗದಲ್ಲಿ.

ಶಾಸ್ತ್ರಗ್ರಂಥಗಳು ಸಾಲಿಗ್ರಾಮವನ್ನು ಚಕ್ರಗಳ ಸಂಖ್ಯೆ, ಅವು ಇರುವ ಸ್ಥಾನ, ವದನದ, ಅಂದರೆ ಕಲ್ಲಿನ ತೆರಪಿನ ಆಕಾರ, ಬಣ್ಣ ಇವುಗಳಿಂದ ವಿಂಗಡಿಸಿ ಲಕ್ಷ್ಮೀನಾರಾಯಣ, ಸುದರ್ಶನ, ಅನಂತ ಮೊದಲಾದ ಹೆಸರುಗಳನ್ನು ಕೊಡುತ್ತವೆ. ಪಳೆಯುಳಿಕೆಶಾಸ್ತ್ರದ ವಿಂಗಡಣೆ ಬೇರೆಯೇ ಆದದ್ದು. ಒಂದರಿಂದ ಇನ್ನೊಂದನ್ನು ಸಮರ್ಥಿಸಲು ಅಥವಾ ಅಲ್ಲಗಳೆಯಲು ಹೊರಡುವುದು ವ್ಯರ್ಥ ಶ್ರಮವೆಂದೇ ನನ್ನ ಅಭಿಪ್ರಾಯ.

ಮೊದಲು ತಿಳಿದಿರಬೇಕಾದಷ್ಟು ಹಿನ್ನೆಲೆ

ಅಮೋನೈಟ್‌ಗಳು ಮೃದ್ವಂಗಿಗಳು, ಇಂದಿನ ಆಕ್ಟೋಪಸ್, ಸ್ಕ್ವಿಡ್‌ಗಳ ದೂರದ ಬಂಧುಗಳು. ಚಿಪ್ಪಿನ ಒಳಭಾಗ ಅಡ್ಡಗೋಡೆಗಳಿಂದ ಸಣ್ಣ ಸಣ್ಣ ಕೋಣೆಗಳಾಗಿ ಭಾಗವಾಗಿರುತ್ತಿತ್ತು. ಪ್ರಾಣಿ ವಾಸಿಸುತ್ತಿದ್ದುದು ಕೊನೆಯ ದೊಡ್ಡ ಕೋಣೆಯಲ್ಲಿ ಮಾತ್ರ. ಹಿಂದಿನ ಕೋಣೆಗಳು ನೀರಿನಲ್ಲಿ ತೇಲಲು ನೆರವಾಗುತ್ತಿದ್ದವು. ಬ್ಲಾನ್‌ಫರ್ಡಿಸೆರಾಸ್ ಬದುಕಿದ್ದುದು ಜುರಾಸಿಕ್ ಯುಗದ ಕೊನೆಯ ಹಂತವಾದ ಟಿಥೋನಿಯನ್ ಕಾಲದಲ್ಲಿ, ಅಂದರೆ ಸುಮಾರು 14.5ರಿಂದ 15 ಕೋಟಿ ವರ್ಷಗಳ ಹಿಂದೆ. ಅಮೋನೈಟ್‌ಗಳು ಒಟ್ಟಾಗಿ ನಿರ್ನಾಮವಾದದ್ದು ಸುಮಾರು 6.6 ಕೋಟಿ ವರ್ಷಗಳ ಹಿಂದೆ. ಈ ಕುಲವಾದರೋ ಅದಕ್ಕೂ ಬಹಳ ಮೊದಲೇ ಮರೆಯಾಗಿತ್ತು.

ಆಗ ಭಾರತದ ಉತ್ತರಕ್ಕೆ ಟೆಥಿಸ್ ಸಮುದ್ರವಿತ್ತು. ಅದರ ತಳದ ಕಪ್ಪು ಕೆಸರಿನಲ್ಲಿ ಹೂತುಹೋದ ಚಿಪ್ಪುಗಳ ಸುತ್ತ ಖನಿಜಗಳು ಹೆಪ್ಪುಗಟ್ಟಿ ಗಟ್ಟಿಯಾದ ಉಂಡೆಗಳಾದವು. ಮೇಲೆ ಕೆಸರು ಪೇರಿಕೊಂಡು ಒತ್ತಡ ಹೆಚ್ಚಿದಾಗ ಸುತ್ತಲಿನ ಕೆಸರು ಚಪ್ಪಟೆಯಾಗಿ ಪದರುಗಲ್ಲಾಯಿತು. ಉಂಡೆಯೊಳಗಿದ್ದ ಚಿಪ್ಪು ಮಾತ್ರ ತನ್ನ ಉಬ್ಬು ತಗ್ಗುಗಳೊಂದಿಗೆ ಉಳಿದುಕೊಂಡಿತು. ಮುಂದೆ ಭಾರತದ ಭೂಫಲಕ ಏಷ್ಯಾಕ್ಕೆ ಡಿಕ್ಕಿಯಾಗಿ ಹಿಮಾಲಯ ಎದ್ದಾಗ ಈ ಸಮುದ್ರತಳವೂ ಮೇಲೆದ್ದಿತು. ಭೂವಿಜ್ಞಾನಿಗಳು ಇದನ್ನು ಸ್ಪಿತಿ ಶೇಲ್ ಎನ್ನುತ್ತಾರೆ. ಹಿಮಾಚಲ ಪ್ರದೇಶದ ಸ್ಪಿತಿ ಕಣಿವೆಯಿಂದ ಬಂದ ಹೆಸರು ಅದು. ನೇಪಾಳದ ಮುಸ್ತಾಂಗ್‌ನಲ್ಲಿ, ಜೋಮ್‌ಸೋಮ್, ಕಾಗ್‌ಬೇನಿ, ಮುಕ್ತಿನಾಥಗಳ ಸುತ್ತಮುತ್ತ ಇದೇ ಪದರ ಹೊರಬಿದ್ದಿದೆ. ಮಳೆಗೂ ಹಿಮ ಕರಗಿದ ನೀರಿಗೂ ಅದು ಕುಸಿದು ಉಂಡೆಗಳು ನದಿಗೆ ಬೀಳುತ್ತವೆ; ನದಿ ಅವುಗಳನ್ನು ಉರುಳಿಸಿ ನುಣುಪು ಮಾಡುತ್ತದೆ. ಕೆಲವುಗಳ ಒಂದು ಪಕ್ಕ ಒಡೆದು ಒಳಗಿನ ಸುರುಳಿ ಕಾಣಿಸುತ್ತದೆ. ಪೂಜಕರು ವದನ ಎನ್ನುವ ತೆರಪು ಬಹುಮಟ್ಟಿಗೆ ಹೀಗೆ ಆದದ್ದು.

ಈ ಕುಲದ ಮಾದರಿ ಪ್ರಭೇದ, ಅಂದರೆ ಕುಲದ ಹೆಸರಿಗೆ ಆಧಾರವಾದ ಪ್ರಭೇದ, ಬ್ಲಾನ್‌ಫರ್ಡಿಸೆರಾಸ್ ವಾಲಿಚೀ. ಅದನ್ನು ಗ್ರೇ ಎಂಬ ಪ್ರಾಣಿಶಾಸ್ತ್ರಜ್ಞರು 1832ರಲ್ಲಿ ವರ್ಣಿಸಿದರು. ಕುಲಕ್ಕೆ ಈಗಿನ ಹೆಸರು ಬಂದದ್ದು 1907ರಲ್ಲಿ, ಕೊಸ್‌ಮಾನ್ ಅವರಿಂದ. ಸ್ಪಿತಿ ಶೇಲ್‌ನ ಅಮೋನೈಟ್‌ಗಳ ಬಗ್ಗೆ ವಿಕ್ಟರ್ ಉಹ್ಲಿಗ್ ಬರೆದು ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣೆ 1903ರಿಂದ 1910ರವರೆಗೆ ಕಂತುಗಳಲ್ಲಿ ಪ್ರಕಟಿಸಿದ ವರ್ಣನೆಗಳು ಇವತ್ತಿಗೂ ಗುರುತಿಸುವವರಿಗೆ ಮೊದಲ ಆಸರೆ. ಹಿಮಾಲಯ, ಟಿಬೆಟ್‌ಗಳಲ್ಲಲ್ಲದೆ ಮಡಗಾಸ್ಕರ್, ನ್ಯೂಗಿನಿ, ಅಂಟಾರ್ಕ್ಟಿಕಾಗಳಲ್ಲೂ ಈ ಕುಲ ಸಿಕ್ಕಿದೆ. ಕರ್ನಾಟಕದಲ್ಲಿ ಮಾತ್ರ ಸಿಗುವ ಸಂಭವವೇ ಇಲ್ಲ: ನಮ್ಮ ನೆಲದ ಬಹುಭಾಗ ಅಮೋನೈಟ್‌ಗಳಿಗಿಂತ ಎಷ್ಟೋ ಹಳೆಯ ಧಾರವಾಡ ಶಿಲೆಗಳು ಮತ್ತು ನೈಸ್ ಎಂಬ ಪಟ್ಟೆಗಲ್ಲು, ಉತ್ತರದಲ್ಲಿ ಲಾವಾದಿಂದಾದ ದಖನ್ ಶಿಲೆ, ಜುರಾಸಿಕ್ ಸಮುದ್ರದ ಪದರಗಳು ಇಲ್ಲಿಲ್ಲ. ಆದ್ದರಿಂದ ನಮ್ಮ ಹೊಳೆಯಲ್ಲೇ ಸಿಕ್ಕಿತೆಂದು ಯಾರಾದರೂ ಚಕ್ರವಿರುವ ಕಲ್ಲನ್ನು ಮಾರಲು ಬಂದರೆ, ಉಳಿದ ಪರೀಕ್ಷೆಗಳನ್ನು ಮಾಡುವ ಮೊದಲೇ ಎಚ್ಚರವಾಗಬಹುದು.

ಕಲ್ಲನ್ನು ಪರೀಕ್ಷೆಗೆ ಸಿದ್ಧಗೊಳಿಸುವುದು

ಪೂಜೆಯಲ್ಲಿರುವ ಕಲ್ಲಾದರೆ ಮನೆಯ ಹಿರಿಯರ ಒಪ್ಪಿಗೆ ಪಡೆದು, ಮಡಿಯ ಕಟ್ಟುಪಾಡುಗಳಿದ್ದರೆ ಅವುಗಳನ್ನು ಪಾಲಿಸಿ, ಅಭಿಷೇಕಕ್ಕೆಂದು ಹೊರತೆಗೆದ ಹೊತ್ತಿನಲ್ಲೇ ನೋಡುವುದು ಎಲ್ಲರಿಗೂ ಅನುಕೂಲ. ಬೇಕಾಗುವ ಸಾಮಗ್ರಿ ಹೆಚ್ಚೇನಿಲ್ಲ: ಹತ್ತು ಪಟ್ಟು ದೊಡ್ಡದಾಗಿ ತೋರಿಸುವ ಭೂತಗನ್ನಡಿ, ಮೊಬೈಲಿನ ಟಾರ್ಚ್, ಮಿಲಿಮೀಟರ್ ಗೆರೆಯಿರುವ ಅಳತೆಪಟ್ಟಿ ಅಥವಾ ಪ್ಲಾಸ್ಟಿಕ್ ವರ್ನಿಯರ್ ಕ್ಯಾಲಿಪರ್, ಮೆತ್ತನೆಯ ಬ್ರಷ್, ಅಡುಗೆಮನೆಯ ಡಿಜಿಟಲ್ ತಕ್ಕಡಿ, ಒಂದು ಲೋಟ ನೀರು ಮತ್ತು ದಾರ. ಲೋಹದ ಕ್ಯಾಲಿಪರ್ ಏಣುಗಳ, ಅಂದರೆ ಚಿಪ್ಪಿನ ಮೇಲೆ ಉಬ್ಬಿರುವ ಗೆರೆಗಳ, ತುದಿಯನ್ನು ಸವೆಸಬಲ್ಲದು. ಅದನ್ನು ಬಿಡುವುದು ಒಳ್ಳೆಯದು.

ಏಣುಗಳ ನಡುವಿನ ತೋಡುಗಳಲ್ಲಿ ಗಂಧ, ಎಣ್ಣೆ, ದೀಪದ ಮಸಿ ಕೂತಿದ್ದರೆ ಬರಿಯ ನೀರಿನಲ್ಲಿ ಬ್ರಷ್ ಅದ್ದಿ ಮೆಲ್ಲಗೆ ತೆಗೆಯಬೇಕು. ಹುಣಸೆಹಣ್ಣು, ನಿಂಬೆರಸ, ವಿನೆಗರ್, ತಾಮ್ರದ ಪಾತ್ರೆ ಬೆಳಗುವ ಪುಡಿ ಇವು ಯಾವುವನ್ನೂ ತಾಗಿಸಬಾರದು. ಚಿಪ್ಪಿನ ಜಾಗದಲ್ಲಿ ತುಂಬಿರುವ ಖನಿಜ ಹಲವು ಸಲ ಕ್ಯಾಲ್ಸೈಟ್ ಆಗಿರುತ್ತದೆ. ಹುಳಿ ಬಿದ್ದರೆ ಅದು ಕರಗುತ್ತದೆ, ಹಾಗೆ ಕರಗಿದ ಏಣನ್ನು ಮತ್ತೆ ತರಲಾಗದು. ತೊಳೆದ ಮೇಲೆ ಒಣಬಟ್ಟೆಯಿಂದ ಒರೆಸಿ ನೆರಳಿನಲ್ಲಿ ಪೂರ್ತಿ ಆರಲು ಬಿಡಿ. ಒದ್ದೆಯಾದ ಕಪ್ಪು ಕಲ್ಲು ಹೊಳೆಯುವುದರಿಂದ ಉಬ್ಬು ತಗ್ಗು ಕಾಣುವುದಿಲ್ಲ.

ನೋಡುತ್ತಿರುವುದು ಉಬ್ಬೋ, ಅಚ್ಚೋ

ಇದನ್ನು ನಿಶ್ಚಯಿಸದೆ ಮುಂದಿನ ಹೆಜ್ಜೆ ಇಡುವಂತಿಲ್ಲ. ಉಂಡೆ ಒಡೆದಾಗ ಎರಡು ಬಗೆಯ ಮೇಲ್ಮೈ ಹೊರಬರುತ್ತದೆ: ಚಿಪ್ಪೇ ಅಥವಾ ಚಿಪ್ಪಿನೊಳಗೆ ತುಂಬಿ ಗಟ್ಟಿಯಾದ ಕಲ್ಲು ಉಬ್ಬಿ ಕಾಣುವುದು ಒಂದು, ಆ ಚಿಪ್ಪು ಸುತ್ತಲಿನ ಕಲ್ಲಿನ ಮೇಲೆ ಒತ್ತಿಬಿಟ್ಟ ಅಚ್ಚು ತಗ್ಗಾಗಿ ಕಾಣುವುದು ಇನ್ನೊಂದು. ವದನದ ಒಳಗೆ ಕಾಣುವುದು ಹೆಚ್ಚಾಗಿ ಅಚ್ಚು. ಅಚ್ಚಿನಲ್ಲಿ ಎಲ್ಲವೂ ತಲೆಕೆಳಗು: ಚಿಪ್ಪಿನಲ್ಲಿ ಏಣಾಗಿದ್ದದ್ದು ತೋಡಾಗಿರುತ್ತದೆ, ತೋಡಾಗಿದ್ದದ್ದು ಏಣಾಗಿರುತ್ತದೆ.

ಕೋಣೆಯ ದೀಪ ಆರಿಸಿ, ಟಾರ್ಚನ್ನು ಕಲ್ಲಿನ ಮಟ್ಟಕ್ಕೆ ಇಳಿಸಿ, ಎಡಗಡೆಯ ಮೇಲ್ಮೂಲೆಯಿಂದ ಬೆಳಕು ಅಡ್ಡಲಾಗಿ ಹರಿಯುವಂತೆ ಹಿಡಿಯಿರಿ. ಮೇಲಿನಿಂದ ನೇರವಾಗಿ ಬಿದ್ದ ಬೆಳಕಿನಲ್ಲಿ ಮಸುಕಾಗಿದ್ದ ಏಣುಗಳು ಅಡ್ಡಬೆಳಕಿನಲ್ಲಿ ತಮ್ಮದೇ ನೆರಳು ಚೆಲ್ಲಿ ಒಂದೊಂದಾಗಿ ಎದ್ದು ಕಾಣುತ್ತವೆ. ಇದೇ ಬೆಳಕಿನಲ್ಲಿ ಪಕ್ಕದಲ್ಲಿ ಅಳತೆಪಟ್ಟಿ ಇಟ್ಟು ಒಂದು ಚಿತ್ರ ತೆಗೆಯಿರಿ. ಅಚ್ಚಿನ ಚಿತ್ರವನ್ನು ಮೊಬೈಲಿನಲ್ಲಿ ಅರ್ಧ ಸುತ್ತು ತಿರುಗಿಸಿ ನೋಡಿದರೆ ಕಣ್ಣು ತಗ್ಗನ್ನು ಉಬ್ಬಾಗಿ ಗ್ರಹಿಸತೊಡಗುತ್ತದೆ, ಏಕೆಂದರೆ ಬೆಳಕು ಮೇಲಿನಿಂದ ಬರುತ್ತದೆಂದೇ ನಮ್ಮ ಮಿದುಳು ನಂಬಿರುತ್ತದೆ. ಜೇಡಿಮಣ್ಣು ಒತ್ತಿ ಅಚ್ಚಿನ ಪ್ರತಿ ತೆಗೆಯುವ ಅಭ್ಯಾಸ ಪ್ರಯೋಗಾಲಯಗಳಲ್ಲಿದೆ. ಪೂಜೆಯ ಕಲ್ಲಿನ ಮೇಲೆ ಅದು ಬೇಡ, ಚಿತ್ರ ತಿರುಗಿಸುವ ಉಪಾಯವೇ ಸಾಕು.

ಸುರುಳಿಯನ್ನು ಅಳೆಯುವುದು

ಸುರುಳಿಯ ಮಧ್ಯದ ತಗ್ಗಿಗೆ ನಾಭಿ ಎನ್ನೋಣ. ಸುರುಳಿಯ ಪೂರ್ತಿ ವ್ಯಾಸವನ್ನೂ ನಾಭಿಯ ವ್ಯಾಸವನ್ನೂ ಒಂದೇ ಗೆರೆಯಲ್ಲಿ ಅಳೆಯಬೇಕು. ಬ್ಲಾನ್‌ಫರ್ಡಿಸೆರಾಸ್‌ನ ಸುತ್ತುಗಳು ಒಂದನ್ನೊಂದು ಸ್ವಲ್ಪವೇ ಮುಚ್ಚುತ್ತವೆ. ಒಳಗಿನ ಸುತ್ತುಗಳೆಲ್ಲ ಕಾಣುವಂತೆ ನಾಭಿ ಅಗಲವಾಗಿ ತೆರೆದಿದ್ದು, ವ್ಯಾಸದ ಮೂರನೇ ಒಂದು ಭಾಗಕ್ಕಿಂತ ಹೆಚ್ಚಿರುತ್ತದೆ. 60 ಮಿಲಿಮೀಟರ್ ವ್ಯಾಸದ ಸುರುಳಿಯಲ್ಲಿ ನಾಭಿ 8 ಅಥವಾ 10 ಮಿಲಿಮೀಟರ್ ಮಾತ್ರ ಇದ್ದು, ಹೊರಸುತ್ತು ಒಳಗಿನದೆಲ್ಲವನ್ನೂ ನುಂಗಿಹಾಕಿದ್ದರೆ ಅದು ಈ ಕುಲವಲ್ಲ. ಹಾಗೆ ಬಿಗಿಯಾಗಿ ಸುತ್ತಿಕೊಂಡು ಪಕ್ಕಗಳು ಚಪ್ಪಟೆಯಾಗಿರುವ ಹ್ಯಾಪ್ಲೊಫಿಲ್ಲೊಸೆರಾಸ್ ಎಂಬ ಇನ್ನೊಂದು ಕುಲ ಅದೇ ಪದರಗಳಲ್ಲಿದೆ.

ಇದೇ ಹೊತ್ತಿಗೆ ಮಧ್ಯದಿಂದ ಹೊರಕ್ಕೆ ಒಂದು ಸರಳರೇಖೆ ಊಹಿಸಿಕೊಂಡು ಅದರ ಮೇಲೆ ಪ್ರತಿ ಸುತ್ತಿನ ಅಗಲವನ್ನೂ ಬರೆದುಕೊಳ್ಳಿ. ನಿಜವಾದ ಚಿಪ್ಪಿನಲ್ಲಿ ಒಂದು ಸುತ್ತಿನಿಂದ ಮುಂದಿನದಕ್ಕೆ ಅಗಲ ಹೆಚ್ಚುಕಡಿಮೆ ಒಂದೇ ಅನುಪಾತದಲ್ಲಿ ಬೆಳೆಯುತ್ತದೆ: 4 ಮಿಲಿಮೀಟರ್ ಇದ್ದದ್ದು 7, ಅದು 12 ಎಂಬಂತೆ. ಎಲ್ಲ ಸುತ್ತುಗಳೂ ಒಂದೇ ಅಗಲವಾಗಿದ್ದರೆ ಅದು ಉಳಿಯ ಕೆಲಸವಾಗಿರುವ ಸಾಧ್ಯತೆಯೇ ಹೆಚ್ಚು. ಪ್ರಾಣಿ ಬೆಳೆದಂತೆ ಚಿಪ್ಪು ಹಿಗ್ಗುತ್ತಿತ್ತು. ಕೆತ್ತುವವನು ಸುಲಭವೆಂದು ಸಮನಾದ ಅಂತರವನ್ನೇ ಹಿಡಿಯುತ್ತಾನೆ.

ಏಣುಗಳು ಮತ್ತು ಹೊರ ಅಂಚು

ಇಲ್ಲಿ ಆತುರ ಬೇಡ. ನಾಭಿಯ ಅಂಚಿನಲ್ಲಿ ಒಂದು ಏಣನ್ನು ಆರಿಸಿಕೊಂಡು ಭೂತಗನ್ನಡಿಯಲ್ಲಿ ಅದರ ಜೊತೆಯಲ್ಲೇ ಹೊರಕ್ಕೆ ಸಾಗಿ. ಬ್ಲಾನ್‌ಫರ್ಡಿಸೆರಾಸ್‌ನಲ್ಲಿ ಏಣು ಚೂಪಾಗಿ, ತುಸುವೇ ಬಾಗಿ ಪಕ್ಕದ ಮೇಲೆ ಹಾಯುತ್ತದೆ; ಪಕ್ಕದ ಮಧ್ಯ ದಾಟಿದ ಬಳಿಕ ಹೆಚ್ಚಿನವು ಎರಡಾಗಿ ಕವಲೊಡೆಯುತ್ತವೆ, ನಡುನಡುವೆ ಕೆಲವು ಕವಲೊಡೆಯದೆ ಒಂಟಿಯಾಗಿಯೇ ಹೊರ ಅಂಚನ್ನು ಮುಟ್ಟುತ್ತವೆ. ಹತ್ತಾರು ಏಣುಗಳನ್ನು ಹೀಗೆ ಹಿಂಬಾಲಿಸಿ, ಕವಲೊಡೆದದ್ದಕ್ಕೆ ಎರಡು, ಒಂಟಿಯಾದದ್ದಕ್ಕೆ ಒಂದು ಎಂದು ಸಾಲಾಗಿ ಬರೆದುಕೊಂಡರೆ ಆ ಬರಹವೇ ಉಪಯುಕ್ತ ದಾಖಲೆ. ಮೂರು, ನಾಲ್ಕು ಬರುವುದೇ ನಿಯಮವಾಗಿದ್ದರೆ ಬೇರೆ ಕುಲವನ್ನು ಯೋಚಿಸಬೇಕಾಗುತ್ತದೆ.

ಈಗ ಕಲ್ಲನ್ನು ಅಂಚಿನ ಮೇಲೆ ನಿಲ್ಲಿಸಿಕೊಂಡು ಸುರುಳಿಯ ಹೊರ ಅಂಚನ್ನು ನೇರವಾಗಿ ನೋಡಿ. ಈ ಕುಲದಲ್ಲಿ, ಅದರಲ್ಲೂ ಒಳಗಿನ ಮತ್ತು ನಡುವಣ ಸುತ್ತುಗಳಲ್ಲಿ, ಎರಡೂ ಪಕ್ಕಗಳಿಂದ ಬಂದ ಏಣುಗಳು ಅಂಚಿನ ನಡುಮಧ್ಯದಲ್ಲಿ ಕೂಡಿಕೊಳ್ಳುವುದಿಲ್ಲ. ನಡುವೆ ನುಣುಪಾದ ಒಂದು ಕಿರಿದಾದ ತೋಡು ಸುರುಳಿಯುದ್ದಕ್ಕೂ ಹರಿದಿರುತ್ತದೆ. ಅದರ ಎರಡು ದಂಡೆಗಳಲ್ಲಿ ಏಣುಗಳ ತುದಿಗಳು ತುಸು ಉಬ್ಬಿ ಸಣ್ಣ ಗುಬುಟುಗಳ ಸಾಲಿನಂತೆ ಕೊನೆಗೊಳ್ಳುತ್ತವೆ. ಬೆರಳತುದಿಯನ್ನು ಅಂಚಿನ ಮೇಲೆ ಅಡ್ಡಲಾಗಿ ಎಳೆದರೆ ಏರು, ಇಳಿ, ಮತ್ತೆ ಏರು ಎಂದು ಸ್ಪರ್ಶಕ್ಕೇ ತಿಳಿಯುತ್ತದೆ. ಅಚ್ಚಿನಲ್ಲಾದರೆ ಇದೇ ತೋಡು ತೆಳುವಾದ ಒಂದು ಏಣಾಗಿ, ಗುಬುಟುಗಳು ಗುಳಿಗಳಾಗಿ ತೋರುತ್ತವೆ; ವದನದ ಒಳಗೆ ಟಾರ್ಚಿನ ಬೆಳಕನ್ನು ಓರೆಯಾಗಿ ಬಿಟ್ಟು ಹುಡುಕಿ.

ದೊಡ್ಡದಾಗಿ ಬೆಳೆದ ಚಿಪ್ಪಿನ ಕೊನೆಯ ಸುತ್ತಿನಲ್ಲಿ ತೋಡು ಮಸುಕಾಗಬಹುದು. ಹೊರಸುತ್ತಿನಲ್ಲಿ ಕಾಣಲಿಲ್ಲವೆಂದು ಅಲ್ಲಿಗೇ ನಿಲ್ಲಿಸದೆ, ಹೊರಸುತ್ತು ಮುರಿದಿರುವ ಜಾಗವಿದ್ದರೆ ಅಲ್ಲಿ ಬಯಲಾದ ಒಳಸುತ್ತಿನ ಅಂಚನ್ನೂ ನೋಡಬೇಕು. ನದಿಯಲ್ಲಿ ಉರುಳಿದ ಕಲ್ಲಿನಲ್ಲಿ ಮೊದಲು ಸವೆಯುವುದು ಈ ಅಂಚೇ ಎಂಬುದು ನಿಜಕ್ಕೂ ಪೇಚಿನ ಸಂಗತಿ.

ಹೋಲುವ ಕುಲಗಳು

ಹೆಚ್ಚು ಗೊಂದಲಕ್ಕೆ ಕಾರಣವಾಗುವುದು ಪೆರಿಸ್ಫಿಂಕ್ಟಿಡ್ ಗುಂಪಿನವು. ವರ್ಗಾಟೊಸ್ಫಿಂಕ್ಟಿಸ್ ಅಂಥದ್ದು: ಅದರ ನಾಭಿಯೂ ತೆರೆದಿದೆ, ಏಣುಗಳೂ ಕವಲೊಡೆಯುತ್ತವೆ, ಮುಖವನ್ನಷ್ಟೇ ನೋಡಿದವರಿಗೆ ವ್ಯತ್ಯಾಸ ತಿಳಿಯುವುದೇ ಇಲ್ಲ. ಆದರೆ ಅಲ್ಲಿ ಏಣುಗಳು ನವಿರಾಗಿ ಮೂರು ಅಥವಾ ಹೆಚ್ಚು ಕವಲುಗಳ ಕಟ್ಟುಗಳಾಗಿ ಹೋಗಿ, ಹೊರ ಅಂಚನ್ನು ತುಂಡಾಗದೆ ದಾಟಿ ಆ ಪಕ್ಕದ ಏಣುಗಳನ್ನು ಕೂಡಿಕೊಳ್ಳುತ್ತವೆ. ಹಿಮಾಲಯೈಟಿಸ್ ದಪ್ಪವಾದದ್ದು; ಒರಟು ಏಣುಗಳು ಕವಲೊಡೆಯುವ ಜಾಗದಲ್ಲಿ, ಪಕ್ಕದ ಮೇಲೆಯೇ, ಎದ್ದುಕಾಣುವ ಗುಬುಟುಗಳಿರುತ್ತವೆ. ಸ್ಪಿತಿಸೆರಾಸ್‌ನಲ್ಲಿ ಗುಬುಟುಗಳು ನಾಭಿಯ ಅಂಚಿನಲ್ಲಿದ್ದು ಅಲ್ಲಿಂದ ಏಣುಗಳು ಗೊಂಚಲಾಗಿ ಹೊರಡುತ್ತವೆ. ಇನ್ನು ಸುರುಳಿಯೇ ಇಲ್ಲದೆ ಗುಂಡಿನಂತೆ ಉದ್ದವಾಗಿರುವುದು ಬೆಲೆಮ್ನೈಟ್; ಅದೂ ಈ ಪದರದ್ದೇ, ಆದರೆ ಅಮೋನೈಟ್ ಅಲ್ಲ.

ಚಿಪ್ಪಿನ ಹೊರಪದರ ಕಿತ್ತುಹೋಗಿ ಒಳಗೆ ತುಂಬಿದ ಕಲ್ಲು ಕಾಣುತ್ತಿದ್ದರೆ, ಅದರ ಮೇಲೆ ಎಲೆಯಂಚಿನಂತೆ ಹಲ್ಲುಹಲ್ಲಾಗಿ ಓಡುವ ಗೆರೆಗಳನ್ನು ಗಮನಿಸಿ. ಅಡ್ಡಗೋಡೆಗಳು ಚಿಪ್ಪನ್ನು ಸೇರುತ್ತಿದ್ದ ಜಾಗ ಅದು. ಆ ಜಟಿಲ ಗೆರೆ ಅಮೋನೈಟ್‌ನ ಖಚಿತ ಗುರುತು; ಸುರುಳಿ ಚಿಪ್ಪಿನ ಇನ್ನೊಂದು ಸಮುದ್ರಜೀವಿಯಾದ ನಾಟಿಲಸ್‌ನಲ್ಲಿ ಅದು ಸರಳವಾಗಿ ಬಾಗಿರುತ್ತದೆ, ಬಸವನಹುಳುವಿನಲ್ಲಿ ಇರುವುದೇ ಇಲ್ಲ. ಕುಲವನ್ನು ಮನೆಯಲ್ಲಿ ಕೂತು ಇದರಿಂದ ನಿರ್ಧರಿಸುವುದು ಕಷ್ಟ. ನಕಲಿಯನ್ನು ಹಿಡಿಯಲು ಮಾತ್ರ ಇದಕ್ಕಿಂತ ಒಳ್ಳೆಯ ಸಾಕ್ಷಿಯಿಲ್ಲ.

ನಕಲಿಯನ್ನು ತಿಳಿಯುವುದು

ಮಾರುವವರು ತೋರಿಸುವ ಪರೀಕ್ಷೆಗಳಲ್ಲಿ ಕಲ್ಲಿನ ಮೇಲೆ ಚಿನ್ನ ಉಜ್ಜಿ ಗೆರೆ ಮೂಡಿಸುವುದು ಪ್ರಸಿದ್ಧ. ಇದರಿಂದ ಏನೂ ಸಿದ್ಧವಾಗುವುದಿಲ್ಲ; ನಯವಾದ, ಗಟ್ಟಿಯಾದ ಯಾವ ಕಪ್ಪು ಕಲ್ಲೂ ಒರೆಗಲ್ಲಾಗಬಲ್ಲದು. ಸಾಂದ್ರತೆಯ ಪರೀಕ್ಷೆ ಅದಕ್ಕಿಂತ ಪ್ರಾಮಾಣಿಕವಾದದ್ದು. ಒಣಗಿದ ಕಲ್ಲನ್ನು ತೂಗಿ ಬರೆದುಕೊಳ್ಳಿ. ನೀರಿನ ಲೋಟವನ್ನು ತಕ್ಕಡಿಯ ಮೇಲಿಟ್ಟು ಸೊನ್ನೆಗೆ ತನ್ನಿ. ಕಲ್ಲನ್ನು ದಾರದಲ್ಲಿ ಕಟ್ಟಿ, ತಳಕ್ಕೂ ಪಕ್ಕಕ್ಕೂ ತಾಗದಂತೆ ಪೂರ್ತಿ ಮುಳುಗಿಸಿ ಹಿಡಿಯಿರಿ. ಆಗ ತಕ್ಕಡಿ ತೋರಿಸುವ ಗ್ರಾಂಗಳೇ ಕಲ್ಲಿನ ಗಾತ್ರ, ಘನ ಸೆಂಟಿಮೀಟರ್‌ಗಳಲ್ಲಿ. ಕಲ್ಲು 260 ಗ್ರಾಂ ತೂಗಿ, ಮುಳುಗಿಸಿದಾಗ 92 ತೋರಿಸಿದರೆ ಸಾಂದ್ರತೆ ಸುಮಾರು 2.8, ಕಲ್ಲಿಗೆ ತಕ್ಕ ಸಂಖ್ಯೆ. ಪೈರೈಟ್ (ಕಬ್ಬಿಣ, ಗಂಧಕ ಸೇರಿದ ಖನಿಜ) ಅಥವಾ ಕಬ್ಬಿಣದ ಬೇರೆ ಖನಿಜ ಹೆಚ್ಚಿದ್ದರೆ 3ನ್ನು ದಾಟಬಹುದು. ರಾಳದಲ್ಲಿ ಎರಕ ಹೊಯ್ದದ್ದು 1.2ರ ಆಸುಪಾಸಿನಲ್ಲಿ ನಿಲ್ಲುತ್ತದೆ; ಕಲ್ಲಿನ ಪುಡಿ ಬೆರೆಸಿದ್ದರೂ ಸಾಮಾನ್ಯವಾಗಿ ಕಲ್ಲಿನಷ್ಟು ಭಾರ ಬರುವುದಿಲ್ಲ. ವದನದೊಳಗೆ ಗಾಳಿ ಸಿಕ್ಕಿಕೊಂಡರೆ ಲೆಕ್ಕ ತಪ್ಪುವುದರಿಂದ ಗುಳ್ಳೆಗಳೆಲ್ಲ ಹೊರಬರುವಂತೆ ನೀರಿನಲ್ಲೇ ಕಲ್ಲನ್ನು ಹೊರಳಿಸಬೇಕು.

ನಿಜವಾದ ಕಪ್ಪು ಕಲ್ಲಿನಲ್ಲಿ ಚಕ್ರವನ್ನು ಕೆತ್ತಿದ್ದರೆ ಸಾಂದ್ರತೆ ನೆರವಾಗದು. ಅಲ್ಲಿ ತೋಡುಗಳ ತಳವನ್ನು ಭೂತಗನ್ನಡಿಯಲ್ಲಿ ನೋಡಬೇಕು: ಒಂದೇ ಆಳ, ಸಮಾನಾಂತರ ಗೀರು, ಅಲುಗಿನ ಗುರುತು ಕಂಡರೆ ಕೈಕೆಲಸ. ಎರಡು ಹೋಳುಗಳ ಜೋಡಿಯಾದರೆ ಒಂದರ ಏಣು ಇನ್ನೊಂದರ ತೋಡಿನಲ್ಲಿ ಕರಾರುವಾಕ್ಕಾಗಿ ಕೂಡಬೇಕು. ಬೇರೆ ಬೇರೆ ಉಂಡೆಗಳ ಹೋಳುಗಳನ್ನು ಜೋಡಿ ಎಂದು ಕೊಡುವುದುಂಟು. ಅಂಗಡಿಗಳಲ್ಲೂ ಆನ್‌ಲೈನಿನಲ್ಲೂ ಕಂದು, ಕೆನೆ ಬಣ್ಣದ ಕೋಣೆಗಳು ಹೊಳೆಯುವಂತೆ ಸೀಳಿ ಪಾಲಿಶ್ ಮಾಡಿದ ಅಮೋನೈಟ್‌ಗಳು ಸಿಗುತ್ತವೆ. ಅವು ನಕಲಿಯಲ್ಲ, ಆದರೆ ಗಂಡಕಿಯವೂ ಅಲ್ಲ. ಬಹುಪಾಲು ಮಡಗಾಸ್ಕರ್‌ನಿಂದ ಬಂದ, ಸುಮಾರು 11 ಕೋಟಿ ವರ್ಷ ಹಳೆಯ ಕ್ಲಿಯೋನಿಸೆರಾಸ್ ಮತ್ತು ಅದರ ಬಳಗದವು.

ದಾಖಲೆ ಮತ್ತು ಜೋಪಾನ

ಕಲ್ಲಿನಲ್ಲಿ ಚಿನ್ನದ ಬಣ್ಣದ ಮಿನುಗು ಇದ್ದರೆ ಅದು ಸಾಮಾನ್ಯವಾಗಿ ಪೈರೈಟ್. ಗಾಳಿಯ ತೇವಕ್ಕೆ ಪೈರೈಟ್ ನಿಧಾನವಾಗಿ ಕೆಟ್ಟು ಗಂಧಕಾಮ್ಲವನ್ನು ಉಂಟುಮಾಡುತ್ತದೆ. ಕರಾವಳಿ ಮತ್ತು ಮಲೆನಾಡಿನ ಮಳೆಗಾಲದಲ್ಲಿ ಇದರ ಅಪಾಯ ಹೆಚ್ಚು. ಅಭಿಷೇಕವಾದ ಮೇಲೆ ತೋಡುಗಳ ನೀರನ್ನೂ ಹೀರುವಂತೆ ಹತ್ತಿಬಟ್ಟೆಯಿಂದ ಒತ್ತಿ ಒರೆಸಿ, ಪೂರ್ತಿ ಆರಿದ ಬಳಿಕವೇ ಸಂಪುಟದೊಳಗೆ ಇಡಬೇಕು. ಬಿರುಕಿನ ಬಾಯಲ್ಲಿ ಬಿಳಿ ಅಥವಾ ಹಳದಿ ಪುಡಿ ಮೂಡಿ ಗಂಧಕದ ವಾಸನೆ ಬಂದರೆ ನೀರು ತಾಗಿಸುವುದನ್ನು ನಿಲ್ಲಿಸಿ, ಸಿಲಿಕಾ ಜೆಲ್ ಪೊಟ್ಟಣದೊಂದಿಗೆ ಮುಚ್ಚಳ ಬಿಗಿಯಾದ ಡಬ್ಬಿಯಲ್ಲಿಡಿ.

ಮುಸ್ತಾಂಗ್‌ಗೋ ಸ್ಪಿತಿಯ ಲಾಂಗ್ಜಾ ಕಡೆಗೋ ಪ್ರವಾಸ ಹೋಗುವವರು ಪದರುಗಲ್ಲಿಗೆ ಸುತ್ತಿಗೆ ಹಾಕಬಾರದು. ಹೆಕ್ಕುವುದಕ್ಕೂ ತರುವುದಕ್ಕೂ ಸ್ಥಳೀಯ ಆಡಳಿತದ ನಿಯಮ ಏನಿದೆಯೆಂದು ಮೊದಲೇ ವಿಚಾರಿಸಿ. ಪದರದಿಂದ ಕಿತ್ತ ಪಳೆಯುಳಿಕೆಗೆ ಕಾಲದ ಲೆಕ್ಕ ತಪ್ಪಿಹೋಗುತ್ತದೆ, ಆ ನಷ್ಟವನ್ನು ಯಾವ ಅಳತೆಯೂ ತುಂಬಿಕೊಡದು.

ಕಂಡದ್ದನ್ನು ಒಂದು ಚೀಟಿಯಲ್ಲಿ ಬರೆದಿಡಿ: ಯಾರಿಂದ, ಯಾವಾಗ, ಎಲ್ಲಿಂದ ಬಂದದ್ದು, ವ್ಯಾಸ, ನಾಭಿ, ಏಣುಗಳ ಸಾಲು, ಹೊರ ಅಂಚಿನ ಸ್ಥಿತಿ, ಸಾಂದ್ರತೆ, ಮತ್ತು ಮುಖದ ಹಾಗೂ ಅಂಚಿನ ತಲಾ ಒಂದು ಚಿತ್ರ. ಅಂಚು ಕಲ್ಲಿನೊಳಗೇ ಹುದುಗಿದ್ದರೆ ಅಥವಾ ಸವೆದಿದ್ದರೆ ‘ಅಮೋನೈಟ್, ಕುಲ ಅನಿಶ್ಚಿತ’ ಎಂದು ಬರೆಯುವುದೇ ಸರಿಯಾದ ಉತ್ತರ. ತೋಡು ಸ್ಪಷ್ಟವಾಗಿ ಕಂಡಿದ್ದು ಏಣುಗಳ ಸಾಲೂ ಒಂದು, ಎರಡರಲ್ಲೇ ಇದ್ದರೆ ‘ಬ್ಲಾನ್‌ಫರ್ಡಿಸೆರಾಸ್’ ಎಂದು ಬರೆದು, ಪ್ರಭೇದದ ಜಾಗವನ್ನು ಖಾಲಿ ಬಿಡಿ. ಅದನ್ನು ತುಂಬಲು ಭೂವಿಜ್ಞಾನ ವಿಭಾಗವಿರುವ ವಿಶ್ವವಿದ್ಯಾಲಯದ ಅಧ್ಯಾಪಕರೊಬ್ಬರಿಗೆ ಆ ಎರಡು ಚಿತ್ರಗಳನ್ನೂ ಅಳತೆಗಳನ್ನೂ ತೋರಿಸಬಹುದು.